ಭೀಮಾ ತೀರದವರಾ?

ಕಳೆದ ಶ್ರಾವಣದಲ್ಲಿ ಉಪ್ಪಲ್ ರಿಂಗ್ ರೋಡಿನ ಹತ್ತಿರ ನಮ್ಮ ಕನ್ನಡದವರೊಬ್ಬರ ಮನೆಯಲ್ಲಿ ಸತ್ಯನಾರಾಯಣ ಪೂಜೆ ಇತ್ತು. ಊಟಕ್ಕೆ ಕುಳಿತಾಗ ಪಕ್ಕದ ಎಲೆಯಲ್ಲಿ ಮೈಸೂರಿನ ಹುಡುಗನೊಬ್ಬ. ಇಲ್ಲೇ ಹಬ್ಸಿಗುಡದಲ್ಲಿ ಸಂಶೋಧನೆ ಮಾಡುತ್ತಿದ್ದಾನಂತೆ. ವಯಸ್ಸು ಇಪ್ಪತ್ತಾರು ಇರಬಹುದು.

"ಸರ್, ನಿಮ್ಮದು ಯಾವೂರು?"

"ಇಂಡಿ ಕಡೆ."

"ಇಂಡಿ ಅಂದ್ರೆ ವಿಜಯಪುರ ಅಲ್ವಾ? ಓಹೋ, ಭೀಮಾ ತೀರದವರಾ?" ಎಂದು ಎರಡು ಬೆರಳು ಚಾಚಿ ಪಿಸ್ತೂಲು ಮಾಡಿ ತೋರಿಸಿದ. ಸಾಲಿನಲ್ಲಿದ್ದ ನಾಲ್ಕೈದು ಜನ ನಕ್ಕರು. ನಾನೂ ನಕ್ಕೆ.

ಹುಡುಗ ಒಳ್ಳೆಯವನೇ. ಮುಂದೆ ಪಾಯಸ ಬಂದಾಗ ನನ್ನ ಎಲೆಗೆ ಇನ್ನೊಂದು ಸೌಟು ಹಾಕಿಸಿದ. ಆದರೆ ಮನೆಗೆ ಬರುವಾಗ ದಾರಿಯುದ್ದಕ್ಕೂ ಅದೇ ತಲೆಯಲ್ಲಿ ಸುತ್ತುತ್ತಿತ್ತು. ಅವನು ಇಂಡಿ ನೋಡಿಲ್ಲ. ಭೀಮಾ ನದಿ ನೋಡಿಲ್ಲ. ಕೇಳಿದರೆ ಆ ಪುಸ್ತಕವನ್ನೂ ಓದಿಲ್ಲವಂತೆ. ಆದರೂ ನನ್ನ ಊರಿನ ಹೆಸರು ಕಿವಿಗೆ ಬಿದ್ದೊಡನೆ ಅವನ ಬೆರಳು ಪಿಸ್ತೂಲಾಯಿತು. ಇಪ್ಪತ್ತು ವರ್ಷಗಳಿಂದ ಈ ಹೈದರಾಬಾದಿನಲ್ಲಿ ಎಷ್ಟು ಜನ ಕನ್ನಡಿಗರು ನನಗೆ ಈ ಪಿಸ್ತೂಲು ತೋರಿಸಿದ್ದಾರೋ ಲೆಕ್ಕವಿಟ್ಟಿಲ್ಲ.

ಆ ಹೆಸರನ್ನು ಕನ್ನಡದ ಮನೆಮಾತು ಮಾಡಿದವರು ರವಿ ಬೆಳಗೆರೆ. ಅವರನ್ನು ಬೈಯಲು ಈ ಲೇಖನ ಬರೆಯುತ್ತಿಲ್ಲ. ಹಾಗೆ ನೋಡಿದರೆ ಅವರ ಪುಸ್ತಕವನ್ನು ನಾನು ಎರಡು ಸಲ ಓದಿದ್ದೇನೆ, ಅವರ ದನಿಗಾಗಿ ರಾತ್ರಿ ನಿದ್ದೆಗೆಟ್ಟು ಟಿವಿ ಮುಂದೆ ಕುಳಿತಿದ್ದೇನೆ. ಅದಕ್ಕೇ ಈ ವಿಷಯ ನನಗೆ ಸುಲಭವಾಗಿ ಬಿಡಿಸಲು ಬರುವುದಿಲ್ಲ.

ಬಳ್ಳಾರಿಯಲ್ಲಿ 1958ರಲ್ಲಿ ಹುಟ್ಟಿದ ಬೆಳಗೆರೆ, ಧಾರವಾಡದಲ್ಲಿ ಇತಿಹಾಸ ಓದಿ, ಕೆಲಕಾಲ ಪಾಠ ಹೇಳಿ, ಪತ್ರಿಕೆಗಳಲ್ಲಿ ದುಡಿದು, 1995ರಲ್ಲಿ 'ಹಾಯ್ ಬೆಂಗಳೂರ್' ಶುರು ಮಾಡಿದರು. ಕಪ್ಪು ಬಿಳುಪಿನ ವಾರಪತ್ರಿಕೆ. ಕನ್ನಡಕ್ಕೆ ಟ್ಯಾಬ್ಲಾಯ್ಡ್ ಹೊಸದಲ್ಲ, 1980ರಿಂದಲೇ 'ಲಂಕೇಶ್ ಪತ್ರಿಕೆ' ಇತ್ತು. ಬೆಳಗೆರೆ ತಂದದ್ದು ಬೇರೆ ರುಚಿ. ಅದುವರೆಗೆ ಅಪರಾಧ ಎಂದರೆ ದಿನಪತ್ರಿಕೆಯ ಒಳಪುಟದಲ್ಲಿ ನಾಲ್ಕು ಸಾಲು. ಯಾರು, ಎಲ್ಲಿ, ಯಾವ ಠಾಣೆ, ಮುಗಿಯಿತು. ಇವರು ಅದಕ್ಕೆ ಮನುಷ್ಯರನ್ನು ಸೇರಿಸಿದರು. ಕೊಂದವನ ತಾಯಿ ಯಾರು, ಅವನು ಯಾವ ಹೋಟೆಲಿನಲ್ಲಿ ಚಹಾ ಕುಡಿಯುತ್ತಿದ್ದ, ಆ ದಿನ ಮಳೆ ಇತ್ತೋ ಇಲ್ಲವೋ ಎಲ್ಲವೂ ಬಂತು. ಬೆಂಗಳೂರಿನ ಭೂಗತ ಲೋಕದ ಬಗ್ಗೆ 'ಪಾಪಿಗಳ ಲೋಕದಲ್ಲಿ' ಬರೆದರು. ನಮ್ಮ ಕಡೆಯ ದ್ವೇಷ, ನಾಡ ಪಿಸ್ತೂಲು, ಚಂದಪ್ಪ ಹರಿಜನನಂಥವರ ಕಥೆ 'ಭೀಮಾ ತೀರದ ಹಂತಕರು' ಆಯಿತು.

ನಮ್ಮ ಹಳ್ಳಿಯ ಹೇರ್ ಕಟಿಂಗ್ ಅಂಗಡಿಯಲ್ಲಿ ಆ ಪುಸ್ತಕದ ಒಂದೇ ಪ್ರತಿ ಇತ್ತು. ರಟ್ಟು ಹರಿದು, ಪುಟಗಳಿಗೆ ಎಣ್ಣೆ ಹತ್ತಿ, ಒಬ್ಬರಾದ ಮೇಲೊಬ್ಬರು ಓದುತ್ತಿದ್ದರು. ಓದು ಬಾರದವರಿಗೆ ಓದಿ ಹೇಳುವವರೂ ಇದ್ದರು. ನಮ್ಮ ಕಡೆಯ ಹಾದಿ, ಹಳ್ಳ, ಹೊಲ ಬೆಂಗಳೂರಿನ ಪುಸ್ತಕದಲ್ಲಿ ಅಚ್ಚಾಗಿವೆ ಎಂಬ ಹಿಗ್ಗು. "ನಮ್ಮ ಹೊಳೀ ಹೆಸರು ಬಂದೈತಿ ನೋಡ್ರೋ" ಎಂದು ಮುಟ್ಟಿ ಮುಟ್ಟಿ ತೋರಿಸುತ್ತಿದ್ದರು. ಆ ಹೆಸರಿನ ಮುಂದೆ ಇನ್ನೊಂದು ಪದ ಇದೆ, ಅದು ನಮ್ಮ ಬೆನ್ನು ಬಿಡುವುದಿಲ್ಲ ಎಂದು ಆಗ ಯಾರಿಗೂ ಹೊಳೆಯಲಿಲ್ಲ.

2000ದ ಡಿಸೆಂಬರಿನಲ್ಲಿ ಈಟಿವಿ ಕನ್ನಡ ಬಂತು. ಅದರಲ್ಲಿ ಬೆಳಗೆರೆಯವರ 'ಕ್ರೈಂ ಡೈರಿ' ಬಂತು. ಗಡ್ಡದ ಮುಖ, ಭಾರದ ದನಿ. ಕ್ಯಾಮೆರಾವನ್ನು ನೋಡುತ್ತ, ನಮ್ಮೊಬ್ಬರಿಗೇ ಗುಟ್ಟು ಹೇಳುವವರಂತೆ ಮಾತಾಡುತ್ತಿದ್ದರು. ಅದು ವರದಿಗಾರನ ಮಾತಲ್ಲ. ರಾತ್ರಿ ಊಟವಾದ ಮೇಲೆ ಕಟ್ಟೆಗೆ ಬಂದು ಕುಳಿತ ಸೋದರಮಾವ ಹೇಳುವ ಕಥೆಯ ಧಾಟಿ. ಎಲ್ಲಿ ನಿಲ್ಲಿಸಬೇಕು ಎಂದು ಅವರಿಗೆ ಗೊತ್ತಿತ್ತು. ಅವರು ನಿಲ್ಲಿಸಿದಾಗ ನಮ್ಮ ಮನೆಯ ನಾಲ್ಕೂ ಜನ ಉಸಿರು ಹಿಡಿಯುತ್ತಿದ್ದೆವು. ಅದೇ ಚಾನೆಲ್‌ನಲ್ಲಿ ಅದೇ ಮನುಷ್ಯ 'ಎಂದೂ ಮರೆಯದ ಹಾಡು' ಎಂದು ಹಳೆಯ ಹಾಡುಗಳ ಕಾರ್ಯಕ್ರಮವನ್ನೂ ನಡೆಸಿಕೊಟ್ಟರು. ಕೊಲೆಗೂ ಹಾಡಿಗೂ ಒಂದೇ ದನಿ ಒಗ್ಗುತ್ತಿತ್ತು.

2004ರಲ್ಲಿ ನಾನು ಕೆಲಸ ಹುಡುಕಿಕೊಂಡು ಉಪ್ಪಲ್‌ಗೆ ಬಂದೆ. ಬಂದ ಮೇಲೆ ತಿಳಿಯಿತು, ನಮ್ಮ ಹಳ್ಳಿಗೆ ಬರುತ್ತಿದ್ದ ಆ ಚಾನೆಲ್‌ನ ಮೂಲಮನೆ ಇಲ್ಲೇ, ಎಲ್‌ಬಿ ನಗರ ದಾಟಿ ಹಯಾತ್‌ನಗರದ ಆಚೆ, ವಿಜಯವಾಡ ಹೆದ್ದಾರಿಯ ಪಕ್ಕದ ರಾಮೋಜಿ ಫಿಲ್ಮ್ ಸಿಟಿ ಎಂದು. ಅಲ್ಲಿ ಸುದ್ದಿ ಬರೆಯಲು ಬೀದರ್, ಶಿವಮೊಗ್ಗ, ಮಂಗಳೂರು, ಹಾಸನದ ಎಷ್ಟೋ ಹುಡುಗರು ಬಂದು ಈ ಕಡೆಯ ಬಡಾವಣೆಗಳಲ್ಲಿ ಕೋಣೆ ಹಿಡಿದಿದ್ದರು. ಭಾನುವಾರ ಒಂದೇ ಮೆಸ್ಸಿನಲ್ಲಿ ಊಟ ಮಾಡುತ್ತಿದ್ದೆವು. ಹೈದರಾಬಾದಿನಲ್ಲಿ ನನಗೆ ಮೊದಲು ಸಿಕ್ಕ ಕನ್ನಡ ಅದು.

ಇಲ್ಲಿ ಒಂದು ತಪ್ಪೊಪ್ಪಿಗೆ. ಭೀಮಾ ತೀರ ಎಂಬ ಹೆಸರನ್ನು ನಾನೂ ಬಳಸಿಕೊಂಡಿದ್ದೇನೆ. ರಾಮಂತಾಪುರದ ಕೋಣೆಯಲ್ಲಿ ನನ್ನ ಜತೆಗಿದ್ದವನೊಬ್ಬ ಮೂರು ತಿಂಗಳಿಂದ ಬಾಡಿಗೆಯ ತನ್ನ ಪಾಲು ಕೊಟ್ಟಿರಲಿಲ್ಲ. ದಾವಣಗೆರೆಯವನು, ನನಗಿಂತ ಎತ್ತರ, ಮಾತಿನಲ್ಲಿ ಜೋರು. ಕೇಳಿದಾಗಲೆಲ್ಲ ನಾಳೆ ಎನ್ನುತ್ತಿದ್ದ. ಊರಿಗೆ ಹೋದಾಗ ಆ ಪುಸ್ತಕ ಕೊಂಡು ತಂದು, ಅವನ ಹಾಸಿಗೆಯ ಮೇಲಿಟ್ಟು, "ಓದು, ನಮ್ಮೂರಿನ ಬಗ್ಗೆ ಬರದಾರ" ಎಂದೆ. ಅಷ್ಟೇ. ವಾರದೊಳಗೆ ಮೂರೂ ತಿಂಗಳ ದುಡ್ಡು ಬಂತು. ಆ ರಾತ್ರಿ ನಾನು ಹೊದ್ದುಕೊಂಡು ನಕ್ಕಿದ್ದು ಈಗಲೂ ನೆನಪಿದೆ. ನಾಲ್ಕು ವರ್ಷದ ನಂತರ ತಂಗಿಗೆ ಬೆಂಗಳೂರಿನ ಕಡೆಯಿಂದ ಒಂದು ಸಂಬಂಧ ಬಂದು, ಎಲ್ಲ ಕೂಡಿಬಂದ ಮೇಲೆ ಹುಡುಗನ ಕಡೆಯವರು, "ಆ ಕಡೆ ಅಂದ್ರೆ ನಮ್ಮ ಮನೆಯಲ್ಲಿ ಹೆದರ್ತಾರೆ" ಎಂದು ಹಿಂದೆ ಸರಿದಾಗ ನಗು ಬರಲಿಲ್ಲ.

ಅಪರಾಧದ ಕಥೆ ಹೇಳಿ ಹೆಸರಾಗುವುದು ನಮ್ಮಲ್ಲಿ ಮಾತ್ರ ನಡೆದದ್ದಲ್ಲ. ಈಟಿವಿ ಕನ್ನಡ ಶುರುವಾದ 2000ದಲ್ಲೇ ಫ್ರಾನ್ಸಿನ ಸರ್ಕಾರಿ ವಾಹಿನಿಯಲ್ಲಿ 'ಫೆತ್ ಅಂತ್ರೆ ಲಾಕ್ಯೂಝೆ' ಎಂಬ ಕಾರ್ಯಕ್ರಮ ಶುರುವಾಯಿತು. 'ಆರೋಪಿಯನ್ನು ಒಳಗೆ ಕರೆತನ್ನಿ' ಎಂದು ಅರ್ಥ. ಕ್ರಿಸ್ತೋಫ್ ಓಂದಲಾತ್ ಎಂಬ ಪತ್ರಕರ್ತ 2011ರವರೆಗೆ ಅದನ್ನು ನಡೆಸಿಕೊಟ್ಟ. ಮಂದ ಬೆಳಕು, ಚರ್ಮದ ಜಾಕೆಟ್, ಒಂದು ಕಡತ. ಆಮೇಲೆ ರೇಡಿಯೊಕ್ಕೆ ಹೋಗಿ ತನ್ನ ಹೆಸರಿನಲ್ಲೇ ಕಥೆ ಹೇಳುವ ಕಾರ್ಯಕ್ರಮ ಮಾಡಿದ. ಮುಖ ಕಾಣದಿದ್ದರೂ ದನಿ ಸಾಕಾಯಿತು. ಆ ಕಾರ್ಯಕ್ರಮ ಹೆಚ್ಚಾಗಿ ನ್ಯಾಯಾಲಯದಲ್ಲಿ ಮುಗಿದ ಪ್ರಕರಣಗಳನ್ನು ಎತ್ತಿಕೊಳ್ಳುತ್ತಿತ್ತು. ತನಿಖೆ ಮಾಡಿದವರು, ವಕೀಲರು, ಸತ್ತವರ ಮನೆಯವರು ಬಂದು ಕುಳಿತು ಮಾತಾಡುತ್ತಿದ್ದರು. ನಮ್ಮಲ್ಲಿ ಪೊಲೀಸ್ ಜೀಪು ಬರುವ ಮೊದಲೇ ಕ್ಯಾಮೆರಾ ಬರುತ್ತದೆ. ಆರೋಪಿ ಇನ್ನೂ ಆರೋಪಿಯಾಗಿರುವಾಗಲೇ 'ಹಂತಕ' ಆಗಿರುತ್ತಾನೆ. ಬೆಳಗೆರೆ ತೋರಿಸಿದ ದಾರಿಯಲ್ಲಿ ಆಮೇಲೆ ಸುದ್ದಿ ಚಾನೆಲ್‌ಗಳು ಒಂದೊಂದು ಕ್ರೈಂ ಕಾರ್ಯಕ್ರಮ ಇಟ್ಟುಕೊಂಡವು. ಬೆಳಗೆರೆಯವರ ಓದು, ಕಥೆ ಕಟ್ಟುವ ಕಸುಬು ಅವರ ಹಿಂದೆ ಬಂದ ಬಹಳ ಜನರಿಗೆ ಇರಲಿಲ್ಲ. ಸಂಗೀತ ಮಾತ್ರ ಇತ್ತು, ಕೆಂಪು ವೃತ್ತ ಇತ್ತು.

ಹೇಳುವವನೇ ಕಥೆಯೊಳಗೆ ಹೋಗಿಬಿಟ್ಟರೆ ಏನಾಗುತ್ತದೆ? 2017ರ ಡಿಸೆಂಬರ್ ಅದನ್ನು ಒಂದಲ್ಲ, ಎರಡು ಸಲ ತೋರಿಸಿತು. 1990ರ ದಶಕದ ಕೊನೆಯಲ್ಲಿ 'ಇಂಡಿಯಾಸ್ ಮೋಸ್ಟ್ ವಾಂಟೆಡ್' ನಡೆಸಿ, ತಲೆಮರೆಸಿಕೊಂಡವರ ಚಹರೆಯನ್ನು ದೇಶಕ್ಕೆಲ್ಲ ತೋರಿಸಿದ ಸುಹೇಬ್ ಇಲ್ಯಾಸಿಗೆ, ಹೆಂಡತಿಯ ಕೊಲೆ ಪ್ರಕರಣದಲ್ಲಿ ದೆಹಲಿಯ ನ್ಯಾಯಾಲಯ ಜೀವಾವಧಿ ಶಿಕ್ಷೆ ಕೊಟ್ಟದ್ದು ಆ ತಿಂಗಳು. ಮರುವರ್ಷ ದೆಹಲಿ ಹೈಕೋರ್ಟ್ ಅವರನ್ನು ಖುಲಾಸೆ ಮಾಡಿತು. ಅದೇ ಡಿಸೆಂಬರಿನ 8ರಂದು ಬೆಂಗಳೂರಿನ ಸಿಸಿಬಿ ಪೊಲೀಸರು ರವಿ ಬೆಳಗೆರೆಯವರನ್ನು ಬಂಧಿಸಿದರು. ತಮ್ಮ ಹಳೆಯ ಸಹೋದ್ಯೋಗಿಯೊಬ್ಬರನ್ನು ಕೊಲ್ಲಿಸಲು ಸುಪಾರಿ ಕೊಟ್ಟರು ಎಂಬುದು ಆರೋಪ. ಬೆಳಗೆರೆ ಅದನ್ನು ಅಲ್ಲಗಳೆದರು. ಆಮೇಲೆ ಜಾಮೀನು ಸಿಕ್ಕಿತು.

ಆ ಸಂಜೆ ಉಪ್ಪಲ್‌ನ ನಮ್ಮ ಮನೆಯಲ್ಲಿ ಟಿವಿ ಹಚ್ಚಿ ಕುಳಿತಿದ್ದೆ. ಸುಪಾರಿ ಪಡೆದನೆಂಬ ಆರೋಪ ಹೊತ್ತವನು ವಿಜಯಪುರ ಜಿಲ್ಲೆಯವನು. ಸರಿ, ಮತ್ತೆ ಅದೇ ಎರಡು ಪದ ತೆರೆಯ ಮೇಲೆ ಬಂತು: ಭೀಮಾ ತೀರ. ಬೆಳಗೆರೆ ಯಾರ ಮುಖಕ್ಕೆ ಬೆಳಕು ಹಿಡಿದಿದ್ದರೋ ಅಂಥವರ ಸಾಲಿನಲ್ಲಿ ಈಗ ಅವರದೇ ಮುಖ. ಅದರ ಸುತ್ತ ಕೆಂಪು ವೃತ್ತ. ಹಿಂದೆ ಆ ಹೃದಯ ಬಡಿತದ ಸಂಗೀತ. ಒಬ್ಬ ಹುಡುಗ ನಿರೂಪಕ ಬೆಳಗೆರೆಯವರ ಧಾಟಿಯಲ್ಲೇ ನಿಲ್ಲಿಸಿ ನಿಲ್ಲಿಸಿ ಅವರ ಕಥೆ ಹೇಳುತ್ತಿದ್ದ. ನನಗೆ ಖುಷಿಯಾಗಲಿಲ್ಲ. ಚಾನೆಲ್ ಬದಲಿಸಿದೆ, ಅಲ್ಲೂ ಅದೇ. ಊರಿನಿಂದ ಅಪ್ಪ ಫೋನ್ ಮಾಡಿ, "ನೋಡಿದ್ಯಾ?" ಎಂದರು. ನೋಡಿದೆ ಎಂದೆ. ಸ್ವಲ್ಪ ಹೊತ್ತು ಇಬ್ಬರೂ ಮಾತಾಡಲಿಲ್ಲ. "ಪಾಪ, ಕಥೀ ಚೊಲೋ ಹೇಳತಿದ್ದ" ಎಂದು ಫೋನ್ ಇಟ್ಟರು. ಆ ಪ್ರಕರಣ ಅವರ ಮೈಮೇಲಿದ್ದಾಗಲೇ, 2020ರ ನವೆಂಬರ್ 13ರಂದು ಬೆಳಗೆರೆ ತೀರಿಕೊಂಡರು. ವಯಸ್ಸು 62. ಹಾಯ್ ಬೆಂಗಳೂರಿನಲ್ಲಿ ಅಚ್ಚಾದ ಎಷ್ಟೋ ಜನರಂತೆ ಅವರೂ ಕೊನೆಯವರೆಗೆ ಆರೋಪಿಯಾಗಿಯೇ ಉಳಿದರು, ಅತ್ತ ಶಿಕ್ಷೆಯೂ ಇಲ್ಲ, ಇತ್ತ ಬಿಡುಗಡೆಯೂ ಇಲ್ಲ.

ನಮ್ಮ ಉಪ್ಪಲ್‌ನ ಇನ್ನರ್ ರಿಂಗ್ ರೋಡಿನಲ್ಲಿ ಒಂದು ಕೇಂದ್ರ ಸರ್ಕಾರಿ ಸಂಸ್ಥೆ ಇದೆ, ಸಿಡಿಎಫ್‌ಡಿ ಎಂದು ಫಲಕ. ಡಿಎನ್‌ಎ ಬೆರಳಚ್ಚು ಪತ್ತೆಯ ಕೇಂದ್ರ. ಬಸ್ಸಿನಲ್ಲಿ ಹೋಗುವ ನೂರರಲ್ಲಿ ತೊಂಬತ್ತು ಜನಕ್ಕೆ ಒಳಗೆ ಏನು ನಡೆಯುತ್ತದೆ ಗೊತ್ತಿಲ್ಲ. ಭಾರತದಲ್ಲಿ ಈ ವಿದ್ಯೆಯನ್ನು ಬೆಳೆಸಿದ್ದು ಪಕ್ಕದ ಹಬ್ಸಿಗುಡದ ಸಿಸಿಎಂಬಿಯಲ್ಲಿ, ಡಾ. ಲಾಲ್‌ಜಿ ಸಿಂಗ್. ಕರ್ನಾಟಕದ ಒಂದು ದೊಡ್ಡ ಪ್ರಕರಣಕ್ಕೂ ಹೈದರಾಬಾದಿನ ಈ ವಿದ್ಯೆಗೂ ನಂಟಿದೆ. ಮೈಸೂರಿನ ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲ್ ಅವರ ಮೊಮ್ಮಗಳು ಶಾಕೆರೆ 1991ರಲ್ಲಿ ಬೆಂಗಳೂರಿನಲ್ಲಿ ಕಾಣೆಯಾದರು. ತಾಯಿ ಎಲ್ಲಿ ಎಂದು ಮಗಳು ಬಿಡದೆ ಕೇಳುತ್ತ ಹೋದಳು, ದೂರು ಕೊಟ್ಟಳು. 1994ರ ಮಾರ್ಚಿನಲ್ಲಿ ರಿಚ್ಮಂಡ್ ರಸ್ತೆಯ ಅವರದೇ ಮನೆಯ ಅಂಗಳದಲ್ಲಿ ಹೂತಿಟ್ಟ ಅಸ್ಥಿಪಂಜರ ಸಿಕ್ಕಿತು. ಅಗೆದು ತೆಗೆಯುವುದನ್ನು ಪೊಲೀಸರು ವಿಡಿಯೊ ಮಾಡಿಸಿದರು. ಆ ಮೂಳೆಗಳು ಶಾಕೆರೆಯವರದೇ ಎಂದು ತೋರಿಸಿಕೊಟ್ಟ ಡಿಎನ್‌ಎ ಪರೀಕ್ಷೆ ನಡೆದದ್ದು ಹೈದರಾಬಾದಿನಲ್ಲಿ. ನ್ಯಾಯಾಲಯ ವಿಡಿಯೊವನ್ನೂ ಒಪ್ಪಿತು, ಪರೀಕ್ಷೆಯನ್ನೂ ಒಪ್ಪಿತು. ಅವರ ಎರಡನೆಯ ಗಂಡ, ಸ್ವಾಮಿ ಶ್ರದ್ಧಾನಂದ ಎಂದು ಕರೆಸಿಕೊಳ್ಳುತ್ತಿದ್ದವನಿಗೆ 2005ರಲ್ಲಿ ಮರಣದಂಡನೆಯಾಯಿತು. 2008ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಸಾಯುವವರೆಗೆ ಬಿಡುಗಡೆಯಿಲ್ಲದ ಜೀವಾವಧಿಗೆ ಇಳಿಸಿತು.

ಅಲ್ಲಿಯೂ ಒಂದು ಕ್ಯಾಮೆರಾ ಇತ್ತು ಎಂಬುದು ನನ್ನನ್ನು ಕಾಡುತ್ತದೆ. ಆ ಕ್ಯಾಮೆರಾಕ್ಕೆ ಸಂಗೀತವಿರಲಿಲ್ಲ. ಏನು ಸಿಕ್ಕಿತೋ ಅದನ್ನಷ್ಟೇ ತೋರಿಸಿತು, ಹಾಗಾಗಿ ಅದು ಸಾಕ್ಷಿಯಾಯಿತು. ಆದರೆ ಜನರ ನೆನಪು ಮಾತ್ರ ಮತ್ತೆ ಹಳೆಯ ದಾರಿಯನ್ನೇ ಹಿಡಿಯಿತು. 2023ರಲ್ಲಿ ಈ ಪ್ರಕರಣದ ಸಾಕ್ಷ್ಯಚಿತ್ರ ಸರಣಿ ಬಂದಾಗ ಅದರಲ್ಲಿ ಜೈಲಿನಲ್ಲಿರುವ ಅಪರಾಧಿಯೂ ಕುಳಿತು ಮಾತಾಡಿದ. ಇವತ್ತಿಗೂ ಇದನ್ನು ಕರೆಯುವುದು 'ಶ್ರದ್ಧಾನಂದ ಪ್ರಕರಣ' ಎಂದು. ಶಾಕೆರೆಯ ಹೆಸರು ಹೇಳಿ ಕೇಳಿದರೆ ಎಷ್ಟು ಜನಕ್ಕೆ ಗುರುತು ಸಿಗುತ್ತದೆ?

ನಮ್ಮೂರಿನ ಪಕ್ಕದ ಹಳ್ಳಿಯಲ್ಲೂ ಒಂದು ಕೊಲೆಯಾಗಿತ್ತು. ಹೊಲದ ಬದುವಿನ ಜಗಳ. ಗ್ಯಾಂಗಿಲ್ಲ, ಪಿಸ್ತೂಲಿಲ್ಲ, ಕೊಡಲಿ. ಇದು 'ಕ್ರೈಂ ಡೈರಿ' ಕಾಲದ್ದಲ್ಲ, ಆಮೇಲಿನದು. ಯಾವುದೋ ಚಾನೆಲ್‌ನವರು ಜೀಪಿನಲ್ಲಿ ಬಂದು ಚಿತ್ರೀಕರಿಸಿ ಹೋದರು. ಅದನ್ನೂ 'ಭೀಮಾ ತೀರದಲ್ಲಿ ಮತ್ತೆ ನೆತ್ತರು' ಎಂಬ ಮಾತಿನ ಕೆಳಗೆ ತೋರಿಸಿದರು ಎಂದು ನೋಡಿದವರು ಹೇಳಿದರು. ಸತ್ತವನ ಹೆಂಡತಿ ಇಂಡಿ ಪೇಟೆಯಲ್ಲಿ ನಿಂಬೆಹಣ್ಣು ಮಾರುತ್ತಾಳೆ. ನನ್ನ ಅವ್ವನಿಗೆ ದೂರದ ಸಂಬಂಧ. ಎರಡು ವರ್ಷದ ಹಿಂದೆ ಪಂಚಮಿಗೆ ಊರಿಗೆ ಹೋದಾಗ ಪೇಟೆಯಲ್ಲಿ ಸಿಕ್ಕಳು.

"ತಮ್ಮಾ, ನೀ ಹೈದರಾಬಾದನಾಗ ಇರತಿಯಲ್ಲ? ಟಿವಿ ಅವ್ರು ಅಲ್ಲೇ ಇರತಾರಂತ. ನಂದೊಂದು ಕೆಲಸ ಮಾಡತೀ?"

"ಏನಕ್ಕಾ?"

"ಅವತ್ತ ಬಂದಾವ್ರು ಇವರ ಫೋಟೋ ಬೇಕಂದ್ರು. ಮದುವ್ಯಾಗ ತಗಸಿದ್ದು ಒಂದ ಇತ್ತು. ತೋರಿಸಿ ಕೊಡತೀವಂದು ಒಯ್ದ್ರು. ತಿರುಗಿ ಕೊಡಲಿಲ್ಲ. ಟಿವ್ಯಾಗೂ ಬರಲಿಲ್ಲಂತ. ನಮ್ಮ ಬಾಗಿಲಾ ತೋರಿಸಿದ್ರಂತ, ಕೊಡಲಿ ತೋರಿಸಿದ್ರಂತ, ಅವನ ಮಾರಿ ತೋರಿಸಿದ್ರಂತ. ಇವರ ಫೋಟೋ ತೋರಿಸಲಿಲ್ಲ. ಸಣ್ಣ ಮಗಳು ಆಗ ಹೊಟ್ಟ್ಯಾಗಿದ್ಲು. ಅಪ್ಪ ಹ್ಯಾಂಗಿದ್ದಾ ಅಂತ ಕೇಳತಾಳ."

ಯಾವ ಚಾನೆಲ್ ಎಂದರೆ ಅವಳಿಗೆ ಗೊತ್ತಿಲ್ಲ. ಅವರು ಬೆಂಗಳೂರಿನವರೋ ಹುಬ್ಬಳ್ಳಿಯವರೋ ಅದೂ ಗೊತ್ತಿಲ್ಲ. ಅವಳ ಪಾಲಿಗೆ ಟಿವಿ ಎಂದರೆ ಒಂದೇ, ಅದು ದೂರದ ದೊಡ್ಡ ಊರಿನಲ್ಲಿರುತ್ತದೆ. ವರ್ಷ, ತಿಂಗಳು ಬರೆದುಕೊಂಡೆ. ಇಲ್ಲಿ ವಿಡಿಯೊ ಎಡಿಟರ್ ಆಗಿರುವ ಗೆಳೆಯನಿಗೆ ಹೇಳಿದೆ. ಅವನು ಬೆಂಗಳೂರಿನ ನಾಲ್ಕು ಕಡೆ ವಿಚಾರಿಸಿದ. "ಟೇಪಿನ ಕಾಲದ್ದು ಮಾರಾಯಾ, ಅದರ ಮೇಲೇ ಬೇರೆ ತುಂಬಿಸಿರ್ತಾರೆ. ಫೋಟೋ ಎಲ್ಲಿ ಇಟ್ಟಿರ್ತಾರೆ?" ಎಂದ. ನಾನೇ ರಾತ್ರಿ ಕುಳಿತು ಯೂಟ್ಯೂಬಿನಲ್ಲಿ ಹುಡುಕಿದೆ. 'ಭೀಮಾ ತೀರ' ಎಂದು ಟೈಪಿಸಿದರೆ ಸಾಲುಸಾಲಾಗಿ ಬಂದವು. ಎಲ್ಲದರಲ್ಲೂ ಕೊಂದವರ ಮುಖ, ಪಿಸ್ತೂಲು, ಕೆಂಪು ವೃತ್ತ. ಅವಳ ಗಂಡ ಎಲ್ಲೂ ಇಲ್ಲ.

ಆ ಹುಡುಕಾಟದಲ್ಲಿ ನನಗೆ ನನ್ನ ಊರೂ ಸಿಗಲಿಲ್ಲ. ಅದೇ ಹೊಳೆಯ ಸೀಮೆಯ ಹಲಸಂಗಿಯಲ್ಲಿ ಮಧುರಚೆನ್ನ, ಸಿಂಪಿ ಲಿಂಗಣ್ಣ ಮತ್ತು ಗೆಳೆಯರು ಹಳ್ಳಿಯ ಹೆಣ್ಣುಮಕ್ಕಳ ಬೀಸುವ ಹಾಡು, ಕುಟ್ಟುವ ಹಾಡು ಕೇಳಿ ಬರೆದುಕೊಂಡು 'ಗರತಿಯ ಹಾಡು' ತಂದರು. ಅವರೂ ಮನೆಮನೆಗೆ ಹೋಗಿ ಜನರ ನೋವನ್ನು ಕೇಳಿದವರೇ. ಅದೇ ಹೊಳೆ ಪಂಢರಪುರದ ವಿಠ್ಠಲನ ಮುಂದೆ ಹರಿದು, ಗಾಣಗಾಪುರದ ದತ್ತನನ್ನು ದಾಟಿ, ಅಶೋಕನ ಶಾಸನವಿರುವ ಸನ್ನತಿಯ ಪಕ್ಕದಲ್ಲಿ ಹೋಗುತ್ತದೆ. ಇದೆಲ್ಲ ಇದೆ ಎಂದ ಮಾತ್ರಕ್ಕೆ ಕೊಲೆಗಳು ನಡೆದೇ ಇಲ್ಲ ಎಂದು ನಾನು ವಾದಿಸುವುದಿಲ್ಲ. ನಡೆದಿವೆ. ಬೆಳಗೆರೆ ಅವನ್ನು ಹುಟ್ಟಿಸಿದವರಲ್ಲ, ಬರೆದವರು. ಆದರೆ ಒಂದು ಹೆಸರು ಒಮ್ಮೆ ಒಳ್ಳೆಯ ಕಥೆಗಾರನ ಬಾಯಿಗೆ ಬಿದ್ದರೆ, ಆಮೇಲೆ ಅದನ್ನು ಕಥೆಯಿಂದ ಬಿಡಿಸಿ ವಾಪಸು ಊರಿಗೆ ಕೊಡುವವರಿಲ್ಲ.

ಪೂಜೆಯ ಮನೆಯ ಹುಡುಗ ಮೊನ್ನೆ ಉಪ್ಪಲ್ ಮೆಟ್ರೊ ಹತ್ತುವಾಗ ಮತ್ತೆ ಸಿಕ್ಕ. "ಏನ್ ಸರ್, ಭೀಮಾ ತೀರ!" ಎಂದು ದೂರದಿಂದಲೇ ಕೈ ಎತ್ತಿದ. ಹಬ್ಸಿಗುಡ ಬರುವವರೆಗೆ ಹೆಚ್ಚು ಹೊತ್ತು ಇರಲಿಲ್ಲ. ಇಷ್ಟರಲ್ಲಿ ಅವನಿಗೆ ಹಲಸಂಗಿ ಹೇಳುವುದೋ ಗಾಣಗಾಪುರ ಹೇಳುವುದೋ ಎಂದು ಯೋಚಿಸಿ, ಕೊನೆಗೆ ನಿಂಬೆಹಣ್ಣು ಮಾರುವ ಅಕ್ಕನ ಫೋಟೋದ ವಿಷಯ ಹೇಳಿದೆ. ಅವನು ಕೇಳಿಸಿಕೊಂಡ. ನಗಲಿಲ್ಲ.

"ರೇಷನ್ ಕಾರ್ಡಿನಲ್ಲಿ, ಓಟರ್ ಐಡಿಯಲ್ಲಿ ಹುಡುಕಿದ್ರಾ ಸರ್? ಹಳೇ ಓಟರ್ ಲಿಸ್ಟಿನಲ್ಲಿ ಫೋಟೋ ಇರಬಹುದು" ಎಂದ.

ನನಗೆ ಅದು ಹೊಳೆದಿರಲಿಲ್ಲ. ದೀಪಾವಳಿಗೆ ಊರಿಗೆ ಹೋದಾಗ ತಹಶೀಲ್ದಾರ್ ಕಚೇರಿಗೆ ಹೋಗಿ ಕೇಳಿ ನೋಡಬೇಕು.